ಅರವತ್ತೊಂಬತ್ತರಲ್ಲಿ ನಾಡೆಲ್ಲ ಕೇಳಿದ ದನಿ

ಟೀನಾ ಪೀಕಾರನ್ನು ಇಟಲಿಯ ಜನ ಮೊದಲು ಗುರುತು ಹಿಡಿಯುವುದು ದನಿಯಿಂದ. ತಗ್ಗಿನ, ಒರಟಾದ, ಯಾವನೋ ಗಂಡಸು ಗದರುತ್ತಿದ್ದಾನೆ ಅನ್ನಿಸುವಂಥ ದನಿ. ತಿರುಗಿ ನೋಡಿದರೆ ಅಲ್ಲಿರುವುದು ಕಪ್ಪು ಉಡುಪು ತೊಟ್ಟ, ಸಣ್ಣ ಮೈಕಟ್ಟಿನ, ಮುಖದ ತುಂಬ ಸುಕ್ಕು ತುಂಬಿದ ಮುದುಕಿ. 1953ರ ಕೊನೆಯಲ್ಲಿ ತೆರೆಕಂಡ 'ಪಾನೆ, ಅಮೋರೆ ಎ ಫಾಂತಸಿಯಾ' (ರೊಟ್ಟಿ, ಪ್ರೀತಿ ಮತ್ತು ಕಲ್ಪನೆ) ಚಿತ್ರದಲ್ಲಿ ಅವರದು ಮನೆಗೆಲಸದ ಕಾರಾಮೆಲ್ಲಾಳ ಪಾತ್ರ. ವಿತ್ತೋರಿಯೊ ಡಿ ಸಿಕಾ ನಾಯಕ, ಜೀನಾ ಲೊಲೊಬ್ರಿಜಿಡಾ ನಾಯಕಿ. ಜನ ನೋಡಲು ಹೋದದ್ದು ಅವರಿಬ್ಬರನ್ನು. ಹೊರಗೆ ಬರುವಾಗ ಕಾರಾಮೆಲ್ಲಾಳ ಗೊಣಗಾಟವನ್ನೂ ಮನಸ್ಸಿನಲ್ಲಿ ಹೊತ್ತು ಬಂದರು. ಆಗ ಪೀಕಾರಿಗೆ 69 ವರ್ಷ.

ಇದನ್ನು ಇಳಿವಯಸ್ಸಿನಲ್ಲಿ ಒಲಿದ ಅದೃಷ್ಟದ ಕತೆಯಾಗಿ ಹೇಳುವುದು ವಾಡಿಕೆ. ನನಗೆ ಆ ಮಾತು ಒಪ್ಪಿಗೆಯಾಗುವುದಿಲ್ಲ. ಆ ಹೊತ್ತಿಗೆ ಅವರು ಅರ್ಧ ಶತಮಾನಕ್ಕೂ ಮಿಕ್ಕಿ ರಂಗದ ಮೇಲೆ ದುಡಿದಿದ್ದರು. ಸಿನಿಮಾಕ್ಕೆ ದಕ್ಕಿದ್ದು ಆ ದುಡಿಮೆಯ ಫಲ. ಯುದ್ಧಾನಂತರದ ಇಟಲಿಯ ಸಿನಿಮಾವನ್ನು ನಾವು ನೆನೆಯುವುದು ಬೀದಿಯಿಂದ ಆರಿಸಿ ತಂದ, ನಟನೆಯ ಗಂಧಗಾಳಿ ಇಲ್ಲದ ಮುಖಗಳಿಗಾಗಿ. ಆ ಸಿನಿಮಾದ ಇನ್ನೊಂದು ಕಾಲು ಪ್ರಾದೇಶಿಕ ಭಾಷೆಗಳ ಹಳೆಯ ನಾಟಕ ಕಂಪನಿಗಳ ಮೇಲೆ ಊರಿತ್ತು ಎಂಬುದು ಅಷ್ಟಾಗಿ ಚರ್ಚೆಗೆ ಬರುವುದಿಲ್ಲ. ಪೀಕಾರ ವೃತ್ತಿಜೀವನವನ್ನು ಹಿಂಬಾಲಿಸಿದರೆ ಆ ಕಾಲು ಕಾಣುತ್ತದೆ.

ಅವರು ಹುಟ್ಟಿದ್ದು 1884ರ ಮಾರ್ಚ್ 31ರಂದು, ನೇಪಲ್ಸ್‌ನಲ್ಲಿ. ತಂದೆ ಜುಸೆಪ್ಪೆ ಪೀಕಾ ನಾಟಕದ ನಟ, ತಾಯಿಯೂ ನಟಿ. ರಂಗದವರ ಮನೆಯಲ್ಲೇ ಹುಟ್ಟಿ ರಂಗದಲ್ಲೇ ಬೆಳೆದವರನ್ನು ಇಟಲಿಯಲ್ಲಿ 'ಕಲೆಯ ಮಕ್ಕಳು' ಎಂದು ಕರೆಯುತ್ತಾರೆ. ಟೀನಾ ಆ ಪೈಕಿಯವರು. ಶಾಲೆಯ ಬೆಂಚಿಗಿಂತ ಮೊದಲು ಅವರಿಗೆ ಪರಿಚಯವಾದದ್ದು ತಂದೆಯ ಕಂಪನಿಯ ರಂಗದ ಹಲಗೆ.

ಆ ಕಾಲದ ಇಟಲಿಯ ನಾಟಕ ಕಂಪನಿಗಳ ಒಳವ್ಯವಸ್ಥೆ ತಿಳಿಯದಿದ್ದರೆ ಪೀಕಾರ ನಟನೆ ಎಲ್ಲಿಂದ ಬಂತೆಂಬುದು ಗೊತ್ತಾಗುವುದಿಲ್ಲ. ಕಂಪನಿಗೆ ಒಬ್ಬರನ್ನು ಸೇರಿಸಿಕೊಳ್ಳುತ್ತಿದ್ದುದು ಇಂಥ ನಾಟಕಕ್ಕೆ ಎಂದಲ್ಲ, ಇಂಥ ಬಗೆಯ ಪಾತ್ರಗಳಿಗೆ ಎಂದು. ಪ್ರಧಾನ ನಟ, ಪ್ರಧಾನ ನಟಿ, ಗಾಂಭೀರ್ಯದ ತಾಯಿ, ಚೂಟಿಯಾದ ಕೆಲಸದ ಹುಡುಗಿ, ಹಾಸ್ಯದವನು, ಯಾವ ಸಣ್ಣ ಪಾತ್ರಕ್ಕಾದರೂ ಒದಗುವವನು, ಹೀಗೆ ಜಾಗಗಳು ಗೊತ್ತಾಗಿರುತ್ತಿದ್ದವು. ಅವುಗಳಲ್ಲೊಂದು 'ಕಾರಾತೆರಿಸ್ತಾ'. ವಯಸ್ಸಾದ, ಕೊಂಚ ವಿಚಿತ್ರ ನಡೆನುಡಿಯ, ಬಂದು ಎರಡು ಮಾತಾಡಿದರೂ ಮರೆಯಲಾಗದ ವ್ಯಕ್ತಿಗಳನ್ನು ಮಾಡುವವರು ಇವರು. ವರ್ಷಗಟ್ಟಲೆ ಒಂದೇ ಬಗೆಯ ಪಾತ್ರಗಳನ್ನು ಮಾಡುತ್ತ ಬಂದವರಿಗೆ ಮಾತಿನ ನಡುವೆ ಎಷ್ಟು ಹೊತ್ತು ತಡೆಯಬೇಕು, ನಾಯಕ ಮಾತಾಡುವಾಗ ತಾನು ಯಾವ ಕಡೆ ನೋಡುತ್ತಿರಬೇಕು, ಸಭಿಕರ ನಗು ಎಲ್ಲಿಗೆ ಇಳಿದಾಗ ಮುಂದಿನ ಮಾತು ಎತ್ತಬೇಕು ಎಂಬುದೆಲ್ಲ ರಕ್ತಗತವಾಗಿಬಿಡುತ್ತಿತ್ತು. ಇಪ್ಪತ್ತನೆಯ ಶತಮಾನ ಮುಂದುವರಿದಂತೆ ಈ ಕಟ್ಟುಪಾಡು ಸಡಿಲಾಯಿತು. ಹೆಸರು ಮಾತ್ರ ಸಿನಿಮಾದಲ್ಲಿ ಉಳಿಯಿತು. ಇಂದಿಗೂ ಇಟಲಿಯವರು ಪೀಕಾರಂಥವರನ್ನು ಕಾರಾತೆರಿಸ್ತಾ ಎಂದೇ ಕರೆಯುತ್ತಾರೆ.

ಪೀಕಾರ ಆ ಒರಟು ದನಿ ಎಳೆಯ ವಯಸ್ಸಿನಲ್ಲಿ ಅವರಿಗೆ ಬೇರೊಂದು ದಾರಿ ತೆರೆದಿತ್ತು. ನೇಪಲ್ಸ್‌ನ ಸಾನ್ ಫೆರ್ದಿನಾಂದೊ ರಂಗಮಂದಿರದಲ್ಲಿ ಫೆದೆರಿಕೊ ಸ್ತೆಲ್ಲಾ ಎಂಬ ಹೆಸರಾಂತ ನಟ-ಮಾಲೀಕರ ಕಂಪನಿ ಇತ್ತು. ದುಡಿಯುವ ಜನ ತುಂಬಿ ತುಳುಕುತ್ತಿದ್ದ, ಖಳನನ್ನು ಕಂಡರೆ ಕೂತಲ್ಲಿಂದಲೇ ಬೈಯುತ್ತಿದ್ದ ಸಭೆ ಅದು. ಅಲ್ಲಿ ಪೀಕಾ ಗಂಡು ಪಾತ್ರಗಳನ್ನೂ ಮಾಡಿದರು. ಸ್ತೆಲ್ಲಾ ಬರಲಾಗದ ಒಂದು ದಿನ ಹ್ಯಾಮ್ಲೆಟ್ ಪಾತ್ರವನ್ನೇ ಕಟ್ಟಿದರು ಎಂಬ ಕತೆ ನೇಪಲ್ಸ್‌ನ ರಂಗದವರ ನಡುವೆ ಹಬ್ಬಿದೆ. ಈ ಕತೆ ನನಗೆ ಇಷ್ಟ. ಮುಂದೆ ಬೆಳ್ಳಿತೆರೆಯ ಮೇಲೆ ಒಂದು ಇಡೀ ತಲೆಮಾರಿಗೆ ಅಜ್ಜಿಯಾಗಿ ಮಾತ್ರ ಕಂಡವರ ಬೆನ್ನಿಗೆ ಶೇಕ್ಸ್‌ಪಿಯರನ ರಾಜಕುಮಾರನೂ ಇದ್ದ ಎಂದು ತಿಳಿದಾಗ, ಕಾರಾಮೆಲ್ಲಾಳ ಸಿಡುಕಿನ ಹಿಂದೆ ಇರುವ ಅಧಿಕಾರ ಎಲ್ಲಿಯದೆಂದು ಅರ್ಥವಾಗುತ್ತದೆ.

ನಂತರದ ದೊಡ್ಡ ಘಟ್ಟ ಡಿ ಫಿಲಿಪ್ಪೊ ಒಡಹುಟ್ಟಿದವರದು. ಟಿಟೀನಾ, ಎಡ್ವಾರ್ಡೊ, ಪೆಪ್ಪಿನೊ ಈ ಮೂವರು 1931ರಲ್ಲಿ ಸ್ವಂತ ಕಂಪನಿ ಕಟ್ಟಿದರು. ಪೀಕಾ ಆ ದಶಕದಲ್ಲಿ ಅವರ ಜೊತೆ ಸೇರಿದರು. 1944ರಲ್ಲಿ ಪೆಪ್ಪಿನೊ ಜಗಳವಾಡಿ ಹೊರನಡೆದ ಮೇಲೆ ಎಡ್ವಾರ್ಡೊ ಬರೆದ ನಾಟಕಗಳು ಇಟಲಿಯ ರಂಗಭೂಮಿಯ ದಿಕ್ಕನ್ನೇ ಬದಲಿಸಿದವು. 1946ರ ನವೆಂಬರಿನಲ್ಲಿ ನೇಪಲ್ಸ್‌ನಲ್ಲಿ ಮೊದಲ ಪ್ರದರ್ಶನ ಕಂಡ 'ಫಿಲುಮೆನಾ ಮಾರ್ತುರಾನೊ' ಅವುಗಳಲ್ಲಿ ಒಂದು. ಟಿಟೀನಾ ಫಿಲುಮೆನಾ ಆದರು. ಪೀಕಾರಿಗೆ ಸಿಕ್ಕಿದ್ದು ರೊಸಾಲಿಯಾ ಎಂಬ ಮುದಿ ಪರಿಚಾರಿಕೆಯ ಪಾತ್ರ.

ಆ ನಾಟಕದ ಆರಂಭವನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ಪರದೆ ಏಳುವ ಹೊತ್ತಿಗೆ ದೊಡ್ಡ ಘಟನೆ ಆಗಿಹೋಗಿದೆ. ಇಪ್ಪತ್ತೈದು ವರ್ಷ ಸಂಗಾತಿಯಾಗಿದ್ದೂ ಹೆಂಡತಿ ಅನ್ನಿಸಿಕೊಳ್ಳದ ಫಿಲುಮೆನಾ, ಸಾಯುತ್ತಿರುವಂತೆ ನಟಿಸಿ ಡೊಮೆನಿಕೊ ಸೊರಿಯಾನೊನೊಂದಿಗೆ ಪಾದ್ರಿಯಿಂದ ಮದುವೆಯ ಆಶೀರ್ವಾದ ಪಡೆದು, ಮರುಗಳಿಗೆಯೇ ಹಾಸಿಗೆಯಿಂದ ಎದ್ದು ನಿಂತಿದ್ದಾಳೆ. ಕೋಣೆಯ ನಾಲ್ಕು ಮೂಲೆಗಳಲ್ಲಿ ನಾಲ್ವರು: ಮೋಸಹೋದ ಗಂಡ, ಗೆದ್ದ ಹೆಂಡತಿ, ಅವನ ಕಡೆಯ ಆಳು ಅಲ್ಫ್ರೆದೊ, ಇವಳ ಕಡೆಯ ರೊಸಾಲಿಯಾ. ಡೊಮೆನಿಕೊ ಕೂಗಾಡುತ್ತಾನೆ, ಫಿಲುಮೆನಾ ಉತ್ತರ ಕೊಡುತ್ತಾಳೆ. ರೊಸಾಲಿಯಾಳ ಕೆಲಸ ಬಹುಪಾಲು ಅಲ್ಲಿ ಇರುವುದು. ಆದರೆ ಫಿಲುಮೆನಾಳಿಗೆ ಮೂವರು ಗಂಡುಮಕ್ಕಳಿದ್ದಾರೆ, ಅವರನ್ನು ಗುಟ್ಟಾಗಿ ಸಾಕಿದ್ದಾಳೆ ಎಂಬ ಸತ್ಯ ಆ ಮನೆಯಲ್ಲಿ ಇನ್ನೊಬ್ಬಳಿಗೆ ಗೊತ್ತಿದೆ ಎಂದಾದರೆ ಅದು ಈ ಮುದುಕಿಗೆ. ನಾಟಕ ತೆರೆದುಕೊಂಡಂತೆ ಪ್ರೇಕ್ಷಕರು ಹಿಂದಿರುಗಿ ಯೋಚಿಸಿದರೆ, ಮೂಲೆಯ ಆ ಮೌನ ಗುಟ್ಟು ಕಾಯುತ್ತಿದ್ದ ಮೌನವಾಗಿತ್ತು ಎಂದು ತಿಳಿಯುತ್ತದೆ. ಪೋಷಕ ಪಾತ್ರದ ನಿಜವಾದ ಕಸುಬು ಇಲ್ಲಿದೆ. ಮುಂದೆ ಬರಬಾರದು; ಹಾಗೆಂದು ಅಲ್ಲಿ ಯಾರೂ ಇಲ್ಲವೆಂದು ಅನ್ನಿಸಲೂ ಬಾರದು.

1951ರಲ್ಲಿ ಎಡ್ವಾರ್ಡೊ ತಾವೇ ನಿರ್ದೇಶಿಸಿ ಇದನ್ನು ಚಿತ್ರ ಮಾಡಿದಾಗಲೂ ರೊಸಾಲಿಯಾ ಪೀಕಾರೇ. ಹದಿಮೂರು ವರ್ಷಗಳ ನಂತರ ಡಿ ಸಿಕಾ ಅದೇ ನಾಟಕವನ್ನು ಸೋಫಿಯಾ ಲೊರೆನ್ ಮತ್ತು ಮಾರ್ಚೆಲ್ಲೊ ಮಾಸ್ತ್ರೊಯಾನಿ ಅವರಿಗಾಗಿ 'ಮಾತ್ರಿಮೋನಿಯೊ ಆಲ್ಲ'ಇಟಾಲಿಯಾನಾ' ಎಂದು ಮರುನಿರ್ಮಿಸಿದರು. ಆಗ ರೊಸಾಲಿಯಾ ಮಾಡಿದ ತೆಕ್ಲಾ ಸ್ಕರಾನೊ ಕೂಡ ನೇಪಲ್ಸ್ ರಂಗದವರೇ, ಮತ್ತು ಆ ಪಾತ್ರ ಅವರಿಗೆ ಅತ್ಯುತ್ತಮ ಪೋಷಕ ನಟಿ ಪ್ರಶಸ್ತಿ ತಂದುಕೊಟ್ಟಿತು. ಒಂದು ಊರಿನ ರಂಗ ಒಂದರ ಹಿಂದೊಂದು ಇಂಥ ಮುದುಕಿಯರನ್ನು ಸಿನಿಮಾಕ್ಕೆ ಕಳಿಸಿಕೊಡುತ್ತಲೇ ಇತ್ತು.

ಈ ನಡುವೆ ಸಿನಿಮಾದಲ್ಲಿ ಪೀಕಾ ಆಗೀಗ ಕಾಣಿಸಿಕೊಂಡಿದ್ದರು. ಹಾಸ್ಯನಟ ಟೊಟೊರ ಮೊದಲ ಚಿತ್ರ, 1937ರ 'ಫೆರ್ಮೊ ಕೊನ್ ಲೆ ಮಾನಿ'ಯಲ್ಲೂ ಇದ್ದರು. 1948ರಲ್ಲಿ ಲುಯಿಜಿ ಕೊಮೆಂಚಿನಿ ಎಂಬ ಯುವ ನಿರ್ದೇಶಕ ನೇಪಲ್ಸ್‌ನ ಬೀದಿ ಮಕ್ಕಳ ಬಗ್ಗೆ ತನ್ನ ಮೊದಲ ಕಥಾಚಿತ್ರ 'ಪ್ರೊಯಿಬಿತೊ ರುಬಾರೆ' ಮಾಡಿದಾಗ ಅದರಲ್ಲೂ ಪೀಕಾರಿಗೆ ಪಾತ್ರವಿತ್ತು. ಐದು ವರ್ಷದ ನಂತರ ಅವರನ್ನು ಕಾರಾಮೆಲ್ಲಾ ಮಾಡಿದ್ದು ಇದೇ ಕೊಮೆಂಚಿನಿ.

ಅಷ್ಟರಲ್ಲಿ ಇಟಲಿಯ ಸಿನಿಮಾದ ಗಾಳಿ ತಿರುಗಿತ್ತು. ಅದಕ್ಕೆ ಮೊದಲಿನದು ಬೀದಿಯ ಬದುಕನ್ನು ಇದ್ದಂತೆ ತೋರಿಸುವ ನವವಾಸ್ತವವಾದದ ಧಾಟಿ. 1948ರ 'ಬೈಸಿಕಲ್ ಥೀವ್ಸ್' ಚಿತ್ರಕ್ಕೆ ನಿರ್ದೇಶಕ ಡಿ ಸಿಕಾ ನಾಯಕನನ್ನು ಕಾರ್ಖಾನೆಯಿಂದ ತಂದಿದ್ದರು. ಲಂಬೆರ್ತೊ ಮಜ್ಜೊರಾನಿ ನಿಜವಾಗಿ ಕಾರ್ಮಿಕ. ಡಿ ಸಿಕಾರದೇ 1952ರ 'ಉಂಬೆರ್ತೊ ಡಿ.'ಯಲ್ಲಿ ನಿವೃತ್ತ ಗುಮಾಸ್ತನಾಗಿದ್ದವರು ಕಾರ್ಲೊ ಬತ್ತಿಸ್ತಿ ಎಂಬ ಭಾಷಾಶಾಸ್ತ್ರದ ಪ್ರಾಧ್ಯಾಪಕರು. ಆ ಮನೆಯ ಕೆಲಸದ ಹುಡುಗಿಯಾಗಿದ್ದ ಮಾರಿಯಾ ಪಿಯಾ ಕಜಿಲಿಯೊಗೂ ಮೊದಲು ನಟಿಸಿದ ಅನುಭವವಿರಲಿಲ್ಲ. ಬೆಳಗ್ಗೆ ಎದ್ದು, ಒಲೆ ಹಚ್ಚಿ, ಕಾಫಿ ಪುಡಿ ಮಾಡುತ್ತ ಕಾಲು ಚಾಚಿ ಬಾಗಿಲು ತಳ್ಳುವ ಆಕೆಯ ದೃಶ್ಯವನ್ನು ಫ್ರೆಂಚ್ ವಿಮರ್ಶಕ ಆಂದ್ರೆ ಬಾಜಾ ಬಹುವಾಗಿ ಮೆಚ್ಚಿದರು. ಆದರೆ ಆ ಚಿತ್ರ ಸ್ವದೇಶದಲ್ಲಿ ಓಡಲಿಲ್ಲ. ದೇಶದ ಬಡತನವನ್ನು ಹೊರಗಿನವರಿಗೆ ತೋರಿಸುತ್ತೀರಿ ಎಂದು ಸರ್ಕಾರದಲ್ಲಿ ಸಿನಿಮಾ ವ್ಯವಹಾರ ನೋಡಿಕೊಳ್ಳುತ್ತಿದ್ದ ಜೂಲಿಯೊ ಆಂದ್ರೆಯೊತ್ತಿ ಬಹಿರಂಗವಾಗಿಯೇ ಡಿ ಸಿಕಾರನ್ನು ಆಕ್ಷೇಪಿಸಿದರು. ಹಣ ಹಾಕುವವರು ನಗುವನ್ನು ಬಯಸಿದರು. ಬಡತನ ಇರಲಿ, ಬಿಸಿಲೂ ಇರಲಿ, ಕೊನೆಗೆ ಮದುವೆಯೂ ಆಗಲಿ ಎಂಬ ಈ ಹೊಸ ಧಾಟಿಗೆ 'ಗುಲಾಬಿ ನವವಾಸ್ತವವಾದ' ಎಂದು ಹೆಸರಾಯಿತು. ಹೊಗಳಿ ಇಟ್ಟ ಹೆಸರಲ್ಲ ಅದು.

'ಪಾನೆ, ಅಮೋರೆ ಎ ಫಾಂತಸಿಯಾ' ಆ ಧಾಟಿಯ ಅತಿ ಜನಪ್ರಿಯ ಚಿತ್ರ. ರೋಮ್‌ಗೆ ದೂರವಲ್ಲದ ಕಸ್ತೆಲ್ ಸಾನ್ ಪಿಯೆತ್ರೊ ರೊಮಾನೊ ಎಂಬ ಬೆಟ್ಟದೂರಲ್ಲಿ ಚಿತ್ರೀಕರಣವಾಯಿತು. ಕತೆಯಲ್ಲಿ ಊರಿನ ಹೆಸರು ಸಲ್ಯೇನಾ. ಅಲ್ಲಿನ ಠಾಣೆಗೆ ಮುಖ್ಯಸ್ಥನಾಗಿ ಬರುವ ಅಂತೋನಿಯೊ ಕರೊತೆನುತೊ ನಡುವಯಸ್ಸು ದಾಟಿದ ಬ್ರಹ್ಮಚಾರಿ, ಸಮವಸ್ತ್ರದ ಮೇಲೆ ಮೋಹ, ಹೆಂಗಸರ ಮೇಲೆ ಅದಕ್ಕಿಂತ ಹೆಚ್ಚು. ಬೀದಿಯಲ್ಲಿ ಕೂತು ರೊಟ್ಟಿ ತಿನ್ನುವ ಬಡವನೊಬ್ಬನನ್ನು, ಒಳಗೆ ಏನು ಹಾಕಿಕೊಂಡಿದ್ದೀಯ ಎಂದು ಅವನು ಕೇಳುತ್ತಾನೆ. ಬಡವ ರೊಟ್ಟಿ ಬಿಡಿಸಿ ತೋರಿಸುತ್ತಾನೆ: ಒಳಗೆ ಇರುವುದು ಕಲ್ಪನೆ ಮಾತ್ರ. ಚಿತ್ರದ ಶೀರ್ಷಿಕೆ ಹುಟ್ಟಿದ್ದು ಆ ಒಣ ರೊಟ್ಟಿಯಿಂದ. ಇಂಥ ಒಂದು ಗಳಿಗೆಯನ್ನು ತೋರಿಸಿ ಚಿತ್ರ ಮತ್ತೆ ಪ್ರೇಮದ ಆಟಕ್ಕೆ ಮರಳುತ್ತದೆ. ಎಡಪಂಥೀಯ ವಿಮರ್ಶಕರಿಗೆ ಸಿಟ್ಟು ಬಂದದ್ದು ಇದಕ್ಕೇ, ಮತ್ತು ಅವರ ಸಿಟ್ಟಿನಲ್ಲಿ ಹುರುಳಿತ್ತು.

ಆದರೂ ಆ ಚಿತ್ರ ಬರಿಯ ಸಿಹಿಯಾಗಿ ಉಳಿಯಲಿಲ್ಲವಲ್ಲ, ಏಕೆ? ಅದಕ್ಕೆ ಕಾರಣ ಮುಖ್ಯವಾಗಿ ಕಾರಾಮೆಲ್ಲಾ ಎಂದು ನಾನು ಹೇಳುತ್ತೇನೆ. ಡಿ ಸಿಕಾ ಕರೊತೆನುತೊ ಪಾತ್ರಕ್ಕೆ ತಮ್ಮ ಮೋಡಿಯನ್ನೆಲ್ಲ ಸುರಿದಿದ್ದಾರೆ: ಬಾಗುವ ಸೊಂಟ, ಮೇಲೇರುವ ಹುಬ್ಬು, ಅಲಂಕಾರದ ಮಾತು. ಊರಿನ ಹೆಂಗಸರು ಅದನ್ನು ಕಂಡು ಬೆರಗಾಗುತ್ತಾರೆ, ಅಥವಾ ಬೆರಗಾದಂತೆ ನಟಿಸುತ್ತಾರೆ. ಅವನ ಅಂಗಿ ಒಗೆದು ಅಡುಗೆ ಮಾಡಿ ಹಾಕುವ ಈ ಮುದುಕಿ ಮಾತ್ರ ಒಂದು ಕಾಸಿನಷ್ಟೂ ಮರುಳಾಗುವುದಿಲ್ಲ. ಅವನ ವಯಸ್ಸು ಎಷ್ಟೆಂದು ಅವಳಿಗೆ ಗೊತ್ತು. ಅವನು ಅಲಂಕಾರದ ಮಾತಿನ ಮೆಟ್ಟಿಲೇರುತ್ತಿದ್ದರೆ ಅವಳು ನೇಪಲ್ಸ್‌ನ ಆಡುಮಾತಿನಲ್ಲಿ ಗುರುಗುಟ್ಟಿ ಅವನನ್ನು ನೆಲಕ್ಕಿಳಿಸುತ್ತಾಳೆ. ಅವನ ಮೇಲೆ ಅಕ್ಕರೆ ಇಲ್ಲದೆ ಅಲ್ಲ. ಅಕ್ಕರೆಯನ್ನು ಬೈಗುಳದಲ್ಲಲ್ಲದೆ ಬೇರೆ ಯಾವುದರಲ್ಲೂ ಹೇಳಿ ಅವಳಿಗೆ ಅಭ್ಯಾಸವಿಲ್ಲ. ಊಟಕ್ಕೆ ಉಪ್ಪಿನಕಾಯಿ ಬಂದ ಹಾಗೆ, ಸ್ವಲ್ಪವೇ ಬಂದು ಇಡೀ ಚಿತ್ರದ ರುಚಿ ಹಿಡಿದಿಡುತ್ತಾಳೆ.

ಇದೇ ಚಿತ್ರದಲ್ಲಿ ಪಾದ್ರಿಯ ಸಂಬಂಧಿ ಪಾವೊಲೆತ್ತಾಳಾಗಿ ಇರುವುದು ಮಾರಿಯಾ ಪಿಯಾ ಕಜಿಲಿಯೊ, 'ಉಂಬೆರ್ತೊ ಡಿ.'ಯ ಕಾಫಿ ಪುಡಿಯ ಹುಡುಗಿ. ನಾಯಕನಾಗಿ ಇರುವುದು ಅದನ್ನು ನಿರ್ದೇಶಿಸಿ ಸೋತ ಡಿ ಸಿಕಾ. ತಮಗೆ ಬೇಕಾದ ಚಿತ್ರಗಳಿಗೆ ಹಣ ಹೊಂದಿಸಲು ಅವರು ಇತರರ ಚಿತ್ರಗಳಲ್ಲಿ ನಟಿಸುತ್ತಿದ್ದರು. ಬೀದಿಯಿಂದ ಬಂದ ಹುಡುಗಿ, ನಾಟಕ ಕಂಪನಿಯಿಂದ ಬಂದ ಅಜ್ಜಿ, ನಡುವೆ ಎರಡನ್ನೂ ಬಲ್ಲ ನಟ. ವೃತ್ತಿಪರರನ್ನೂ ಹೊಸಬರನ್ನೂ ಬೆರೆಸುವ ಈ ಪದ್ಧತಿಯೇ ಇಟಲಿಯ ಸಿನಿಮಾದ ನಿಜವಾದ ಗುಣ ಎಂದು ಬಾಜಾ ಮೊದಲೇ ಬರೆದಿದ್ದರು. ಸಲ್ಯೇನಾದಲ್ಲಿ ಆ ಬೆರಕೆ ಕಣ್ಣಿಗೆ ಕಾಣುವಂತಿದೆ.

ದನಿಯ ಮಾತಿಗೆ ಮತ್ತೆ ಬರಬೇಕು, ಏಕೆಂದರೆ ಆ ಕಾಲದ ಇಟಲಿಯ ಸಿನಿಮಾದಲ್ಲಿ ನಟರಿಗೆ ಸ್ವಂತ ದನಿ ಉಳಿಯುವುದೇ ಖಚಿತವಿರಲಿಲ್ಲ. ಚಿತ್ರೀಕರಣ ಮೊದಲು, ಶಬ್ದ ಆಮೇಲೆ ಸ್ಟುಡಿಯೊದಲ್ಲಿ, ಇದು ಅಲ್ಲಿನ ರೂಢಿ. ತೆರೆಯ ಮೇಲಿನ ಮುಖಕ್ಕೆ ಬೇರೆಯವರು ಮಾತು ಕೊಡುವುದು ಯಾರಿಗೂ ವಿಚಿತ್ರ ಅನ್ನಿಸುತ್ತಿರಲಿಲ್ಲ. ಕ್ಲೌದಿಯಾ ಕಾರ್ದಿನಾಲೆ ತಾರೆಯಾಗಿ ಮೆರೆಯುತ್ತಿದ್ದರೂ ಅವರ ನಿಜವಾದ ಗೊಗ್ಗರು ದನಿ ಇಟಲಿಯ ತೆರೆಯ ಮೇಲೆ ಕೇಳಿದ್ದು 1963ರಲ್ಲಿ, ಫೆಲ್ಲಿನಿಯ 'ಎಂಟೂವರೆ'ಯಲ್ಲಿ. ಇನ್ನೊಂದು ಕಡೆ ಹಾಲಿವುಡ್ಡಿನ ಆಲಿವರ್ ಹಾರ್ಡಿಗೆ ಇಟಾಲಿಯನ್ ದನಿ ಕೊಟ್ಟು ಮೇಲೆ ಬಂದವರು ಅಲ್ಬೆರ್ತೊ ಸೊರ್ದಿ. ಚೆಲುವೆಯ ದನಿಯನ್ನು ಹೀಗೆ ಬದಲಾಯಿಸಬಹುದಿತ್ತು. ಕಾರಾಮೆಲ್ಲಾಳ ದನಿಯನ್ನು ಬದಲಾಯಿಸಿದರೆ ಕಾರಾಮೆಲ್ಲಾಳೇ ಉಳಿಯುತ್ತಿರಲಿಲ್ಲ. ಅಷ್ಟರ ಮಟ್ಟಿಗೆ ಆ ಅಜ್ಜಿ ನಾಯಕಿಯರಿಗಿಂತ ಭದ್ರವಾಗಿದ್ದರು.

'ಪಾನೆ, ಅಮೋರೆ ಎ ಫಾಂತಸಿಯಾ' 1954ರಲ್ಲಿ ಬರ್ಲಿನ್‌ನಲ್ಲಿ ಬೆಳ್ಳಿ ಕರಡಿ ಗೆದ್ದಿತು. ಕತೆ ಬರೆದ ಎತ್ತೊರೆ ಮಾರಿಯಾ ಮರ್ಗದೊನ್ನಾ ಆಸ್ಕರ್‌ಗೆ ನಾಮನಿರ್ದೇಶನಗೊಂಡರು. ಅದೇ ವರ್ಷ ಕೊಮೆಂಚಿನಿ ಮುಂದಿನ ಭಾಗ 'ಪಾನೆ, ಅಮೋರೆ ಎ ಜೆಲೊಸಿಯಾ' ತಂದರು, ಮತ್ತು ಅದರ ಕಾರಾಮೆಲ್ಲಾಳಿಗಾಗಿ ಪೀಕಾರಿಗೆ 1955ರಲ್ಲಿ ಅತ್ಯುತ್ತಮ ಪೋಷಕ ನಟಿಯ 'ನಾಸ್ತ್ರೊ ದ'ಅರ್ಜೆಂತೊ' (ಬೆಳ್ಳಿಯ ರಿಬ್ಬನ್) ಬಂತು. ಇದು ಸಿನಿಮಾ ಪತ್ರಕರ್ತರು ಕೊಡುವ ಪ್ರಶಸ್ತಿ. 1946ರ ಮೊದಲ ಸಾಲಿನಲ್ಲೇ ಪೋಷಕ ನಟಿಗೆ ಪ್ರತ್ಯೇಕ ಗೌರವ ಇತ್ತು, ಪಡೆದವರು 'ರೋಮ್, ಓಪನ್ ಸಿಟಿ'ಯ ಅನ್ನಾ ಮಗ್ನಾನಿ. 1947ರಲ್ಲಿ 'ವೀವೆರೆ ಇನ್ ಪಾಚೆ'ಗಾಗಿ ಆವೆ ನಿಂಕಿ, 1949ರಲ್ಲೂ 1951ರಲ್ಲೂ ಜೂಲಿಯೆತ್ತಾ ಮಸೀನಾ. ಮಗ್ನಾನಿ, ಮಸೀನಾ ಅಲ್ಲಿಂದ ನಾಯಕಿಯ ಪಟ್ಟಕ್ಕೆ ಏರಿದರು. ಆವೆ ನಿಂಕಿ ಜೀವಮಾನವಿಡೀ ಎಂಥ ಚಿತ್ರದಲ್ಲಿದ್ದರೂ ಭರವಸೆಯ ಪೋಷಕ ನಟಿಯಾಗಿಯೇ ಉಳಿದರು. ದೇಶದ ಇನ್ನೊಂದು ದೊಡ್ಡ ಪ್ರಶಸ್ತಿ 'ದಾವಿದ್ ದಿ ದೊನತೆಲ್ಲೊ' 1956ರಲ್ಲಿ ಶುರುವಾದರೂ ಪೋಷಕ ನಟಿಗೆಂದು ವಿಭಾಗ ತೆರೆದದ್ದು 1981ರಲ್ಲಿ. ಪೀಕಾರ ತಲೆಮಾರಿಗೆ ಅದರಿಂದ ಏನೂ ದಕ್ಕಲಿಲ್ಲ.

1955ರಲ್ಲಿ ಸರಣಿಯ ಮೂರನೆಯ ಚಿತ್ರ, 'ಪಾನೆ, ಅಮೋರೆ ಎ...'. ನಿರ್ದೇಶಕ ಬದಲಾಗಿ ಡಿನೊ ರಿಸಿ ಬಂದರು, ಲೊಲೊಬ್ರಿಜಿಡಾರ ಜಾಗಕ್ಕೆ ಮೀನು ಮಾರುವ ಸೋಫಿಯಾ ಲೊರೆನ್ ಬಂದರು, ಬೆಟ್ಟದೂರು ಹೋಗಿ ಸೊರೆಂತೊದ ಕಡಲು ಬಂತು. ಕಾರಾಮೆಲ್ಲಾ ಮಾತ್ರ ಬದಲಾಗಲಿಲ್ಲ. ನಿರ್ಮಾಪಕರು ನಾಯಕಿಯನ್ನು ಬದಲಿಸಲು ಹಿಂಜರಿಯಲಿಲ್ಲ, ಕೆಲಸದವಳನ್ನು ಬದಲಿಸುವ ಧೈರ್ಯ ಮಾಡಲಿಲ್ಲ.

ಆ 1955 ಇಟಲಿಯ ಚಿತ್ರಮಂದಿರಗಳ ಸುಗ್ಗಿಯ ವರ್ಷ. ಸುಮಾರು 82 ಕೋಟಿ ಟಿಕೆಟ್ ಮಾರಾಟವಾದವು, ಜನಸಂಖ್ಯೆ ಐದು ಕೋಟಿಯೂ ಇಲ್ಲದ ದೇಶದಲ್ಲಿ. ಟಿವಿ ಬಂದಿದ್ದು ಹಿಂದಿನ ವರ್ಷವಷ್ಟೇ. ಅಗ್ಗದಲ್ಲಿ, ಬೇಗ, ನಗಿಸುವ ಚಿತ್ರಗಳಿಗೆ ಕೊನೆಯಿಲ್ಲದ ಬೇಡಿಕೆ. ಹೀಗಾಗಿ ಎಪ್ಪತ್ತು ದಾಟಿದ ಪೀಕಾ ನಾಯಕಿಯಾದರು. ಆ ಚಿತ್ರಗಳಲ್ಲಿ ಒಳ್ಳೆಯದು 1957ರ 'ಲಾ ನೊನ್ನಾ ಸಬೆಲ್ಲಾ'. ಪಸ್ಕ್ವಾಲೆ ಫೆಸ್ತಾ ಕಂಪನೀಲೆಯ ಕಾದಂಬರಿ, ಡಿನೊ ರಿಸಿಯ ನಿರ್ದೇಶನ. ಅಜ್ಜಿ ಸಾಯುತ್ತಿದ್ದಾಳೆಂದು ಸುದ್ದಿ ಕಳಿಸಿ ಮೊಮ್ಮಗನನ್ನು ಊರಿಗೆ ಕರೆಸಿಕೊಳ್ಳುತ್ತಾಳೆ. ನಿಜವಾದ ಉದ್ದೇಶ ಅವನನ್ನು ಹಣವಂತರ ಹುಡುಗಿಗೆ ಕಟ್ಟುವುದು. ತನ್ನ ತಂಗಿಯ ಮದುವೆಗೆ ದಶಕಗಳಿಂದ ಅಡ್ಡ ನಿಂತವಳೂ ಅವಳೇ, ಆ ಕಾದು ಕಾದು ಹಣ್ಣಾದ ವರನಾಗಿ ಪೆಪ್ಪಿನೊ ಡಿ ಫಿಲಿಪ್ಪೊ. ಸಬೆಲ್ಲಾ ನಗಿಸುತ್ತಾಳೆ, ಆದರೆ ಕೆಟ್ಟವಳು ಕೂಡ. ಮನೆಯ ಹಿರಿಯಳ ಪ್ರೀತಿ ಎಲ್ಲಿ ಮುಗಿದು ದರ್ಪ ಎಲ್ಲಿ ಶುರುವಾಗುತ್ತದೆ ಎಂಬ ಗೆರೆಯನ್ನು ಪೀಕಾ ಯಾವ ಹಂತದಲ್ಲೂ ಮುದ್ದು ಮಾಡಿ ಅಳಿಸುವುದಿಲ್ಲ. ಚಿತ್ರ ಸಾನ್ ಸೆಬಾಸ್ಟಿಯನ್ ಉತ್ಸವದಲ್ಲಿ ಮೊದಲ ಬಹುಮಾನ ಪಡೆಯಿತು.

ಉಳಿದವು ಸಾಲಾಗಿ ಬಂದವು: 'ಅಮೆರಿಕದ ಅತ್ತೆ ಬಂದಳು', ಅತ್ತೆ ಹಿಮದ ಮೇಲೆ ಜಾರಾಟಕ್ಕೆ ಹೋಗುವ ಇನ್ನೊಂದು, ಕೌಬಾಯ್ ಚಿತ್ರಗಳ ಅಣಕದ 'ಲಾ ಶೆರಿಫ್ಫಾ'. 1959ರಲ್ಲಂತೂ 'ಲಾ ಪೀಕಾ ಸುಲ್ ಪಚೀಫಿಕೊ' ಎಂದು ಹೆಸರಿನಲ್ಲೇ ಅವರನ್ನಿಟ್ಟು ಚಿತ್ರ ಮಾಡಿದರು. ಇಟಲಿಯಲ್ಲಿ ಟೊಟೊಗೆ ಸಲ್ಲುತ್ತಿದ್ದ ಮರ್ಯಾದೆ ಅದು. ಆ ವಯಸ್ಸಿನ ಹೆಂಗಸಿಗೆ ಹೀಗೊಂದು ಮಾರುಕಟ್ಟೆ ಇದ್ದದ್ದೇ ದೊಡ್ಡದು ಎಂದು ಒಪ್ಪುತ್ತೇನೆ. ಆದರೆ ನೋಡುವಾಗ ಬೇಸರವಾಗುತ್ತದೆ. ಬೇರೆಯವರ ಬೊಗಳೆಗೆ ಸೂಜಿ ಚುಚ್ಚುವುದು ಪೀಕಾರ ಶಕ್ತಿ. ಎಲ್ಲ ದೃಶ್ಯದಲ್ಲೂ ಅವರೇ ಇದ್ದರೆ ಚುಚ್ಚುವುದು ಯಾರಿಗೆ? ಆ ಸಿಡುಕು ಕ್ರಮೇಣ ಬರಿಯ ಅಭ್ಯಾಸವಾಗಿ ಕೇಳುತ್ತದೆ. ಅವರ ಕಲೆಗೆ ಎದುರಿಗೊಬ್ಬ ಡಿ ಸಿಕಾ ಬೇಕಿತ್ತು.

ಆ ಡಿ ಸಿಕಾ 1963ರಲ್ಲಿ ಮತ್ತೆ ಬಂದರು, ಈ ಬಾರಿ ಕ್ಯಾಮೆರಾದ ಹಿಂದೆ. 'ಯೇರಿ, ಒಜ್ಜಿ, ದೊಮಾನಿ' (ನಿನ್ನೆ, ಇಂದು, ನಾಳೆ) ಮೂರು ಕತೆಗಳ ಚಿತ್ರ, ಮೂರರಲ್ಲೂ ಲೊರೆನ್ ಮತ್ತು ಮಾಸ್ತ್ರೊಯಾನಿ. ಮೂರನೆಯದು ರೋಮ್‌ನಲ್ಲಿ, ನವೋನಾ ಚೌಕದ ಮೇಲಿನ ಮಹಡಿಯೊಂದರಲ್ಲಿ. ಗಿರಾಕಿಗಳನ್ನು ಮನೆಗೆ ಕರೆಸಿಕೊಳ್ಳುವ ಮಾರಾ ಒಂದು ಕಡೆ, ಪಕ್ಕದ ಮಹಡಿಯಲ್ಲಿ ಅಜ್ಜ-ಅಜ್ಜಿ, ರಜೆಗೆ ಬಂದಿರುವ ಮೊಮ್ಮಗ. ಹುಡುಗ ಪಾದ್ರಿಯಾಗಲು ಓದುತ್ತಿದ್ದಾನೆ, ಮಾರಾಳನ್ನು ಕಂಡು ಓದು ಬೇಡವೆನ್ನುತ್ತಾನೆ. 79 ವರ್ಷದ ಪೀಕಾ ಆ ಅಜ್ಜಿ.

ಈ ಕತೆಯನ್ನು ಜನ ನೆನೆಯುವುದು ಲೊರೆನ್ ಒಂದೊಂದೇ ಬಟ್ಟೆ ಕಳಚುವ, ಮಾಸ್ತ್ರೊಯಾನಿ ಹಾಸಿಗೆಯ ಮೇಲೆ ಕೂತು ಊಳಿಡುವ ದೃಶ್ಯಕ್ಕಾಗಿ. ಅಜ್ಜಿ ಮತ್ತು ಮಾರಾ ಎದುರುಬದುರಾಗುವ ದೃಶ್ಯಗಳನ್ನೂ ನೋಡಿ ಎನ್ನುತ್ತೇನೆ. ಮೊದಲು ಮಹಡಿಯಿಂದ ಮಹಡಿಗೆ ಜಗಳ. ಪೀಕಾರ ಬಾಯಿಂದ ಬೈಗುಳ ಹೊರಬರುವಾಗ ಅದರಲ್ಲಿ ಧರ್ಮದ ಸಿಟ್ಟು ಎಷ್ಟು, ನೆರೆಮನೆಯ ಅಸೂಯೆ ಎಷ್ಟು ಎಂದು ಬಿಡಿಸಿ ಹೇಳುವುದು ಕಷ್ಟ. ಆಮೇಲೆ ಅದೇ ಅಜ್ಜಿ ಅಳುತ್ತ ಅದೇ ಮಾರಾಳ ಬಳಿ ಸಹಾಯ ಕೇಳಿ ಬರುತ್ತಾಳೆ, ನನ್ನ ಮೊಮ್ಮಗನನ್ನು ನೀನೇ ಹಿಂದಕ್ಕೆ ಕಳಿಸಬೇಕು ಎಂದು. ತಾನು ಬೈದ ಹೆಂಗಸಿನ ಮುಂದೆ ಕೈಚಾಚಬೇಕಾದ ಮುದುಕಿಯ ನಾಚಿಕೆ, ಹಠ, ಭಯ ಮೂರೂ ಒಂದೇ ದನಿಯಲ್ಲಿ ಬರುತ್ತವೆ. ಹುಡುಗ ಪಾಠಶಾಲೆಗೆ ಮರಳಿದರೆ ಒಂದು ವಾರ ಗಂಡಸರಿಂದ ದೂರವಿರುತ್ತೇನೆಂದು ಮಾರಾ ಹರಕೆ ಹೊರುತ್ತಾಳೆ. ಲೊರೆನ್ ಅಲ್ಲಿ ನಗಿಸುವ ಬೆಡಗಿಯಿಂದ ಕರುಳಿರುವ ಹೆಂಗಸಾಗಿ ತಿರುಗುತ್ತಾರೆ, ಮತ್ತು ಆ ತಿರುವು ಸಾಧ್ಯವಾದದ್ದು ಎದುರಿಗೆ ಪೀಕಾ ಅಷ್ಟು ನಿಜವಾಗಿ ಅತ್ತದ್ದರಿಂದ. ಚಿತ್ರಕ್ಕೆ ಅತ್ಯುತ್ತಮ ವಿದೇಶಿ ಚಿತ್ರದ ಆಸ್ಕರ್ ಬಂತು.

ಪೀಕಾ ಮತ್ತೆ ಸಿನಿಮಾದಲ್ಲಿ ನಟಿಸಲಿಲ್ಲ. 1968ರ ಆಗಸ್ಟ್ 15ರಂದು ನೇಪಲ್ಸ್‌ನಲ್ಲೇ ತೀರಿಕೊಂಡರು, 84 ವರ್ಷಕ್ಕೆ.